ಕಾಡತೂಸಿನ ತಳದ ಮುದ್ರೆಯನ್ನು ಓದುವುದು: ಪದೇ ಪದೇ ಕೇಳುವ ಪ್ರಶ್ನೆಗಳು

ಕಲಬುರಗಿ, ಬೀದರ, ಯಾದಗಿರಿ ಜಿಲ್ಲೆಗಳಲ್ಲಿ ಹಳೆಯ ವಾಡೆ ಕೆಡವುವಾಗ, ಮಣ್ಣಿನ ಮಾಳಿಗೆ ಇಳಿಸುವಾಗ, ಮುಚ್ಚಿಹೋದ ಹಗೇವಿನ ಬಾಯಿ ತೆಗೆಯುವಾಗ ಒಂದೆರಡು ಹಿತ್ತಾಳೆಯ ಕಾಡತೂಸು ಕೈಗೆ ಸಿಗುವುದುಂಟು. ಸಿಕ್ಕ ದಿನವೇ ಅದಕ್ಕೊಂದು ಕಥೆಯೂ ಹುಟ್ಟಿಕೊಳ್ಳುತ್ತದೆ. ಪೊಲೀಸ್ ಶಸ್ತ್ರಾಗಾರದಲ್ಲಿ ಬಹುಕಾಲ ಕೆಲಸ ಮಾಡಿ ನಿವೃತ್ತನಾದವನೆಂಬ ಕಾರಣಕ್ಕೆ ನನ್ನನ್ನು ಜನ ಕೇಳುತ್ತ ಬಂದ ಪ್ರಶ್ನೆಗಳಿಗೆ ಇಲ್ಲಿ ಉತ್ತರ ಬರೆದಿದ್ದೇನೆ.

ತಳದ ಮುದ್ರೆ ಎಂದರೆ ಯಾವುದು? ಅದು ಎಲ್ಲಿರುತ್ತದೆ?

ನಾವು ಆಡುಮಾತಿನಲ್ಲಿ ‘ಗುಂಡು’ ಎನ್ನುವ ವಸ್ತು ನಿಜವಾಗಿ ನಾಲ್ಕು ಭಾಗಗಳ ಜೋಡಣೆ. ಮುಂದೆ ಚೂಪಾಗಿಯೋ ದುಂಡಾಗಿಯೋ ಇರುವ, ನಳಿಗೆಯಿಂದ ಹಾರಿಹೋಗುವ ಲೋಹದ ತುಂಡೇ ಗುಂಡು. ಅದನ್ನು ಹಿಡಿದಿರುವ ಹಿತ್ತಾಳೆಯ ಕೊಳವೆ ಕೋಶ; ನಮ್ಮ ಕಡೆ ಖಾಲಿಯಾದ ಕೋಶವನ್ನು ಖೋಖಾ ಎಂದೂ ಕರೆಯುತ್ತಾರೆ. ಕೋಶದೊಳಗೆ ಮದ್ದು ಇರುತ್ತದೆ, ತಳದ ನಡುವೆ ಚಿಕ್ಕ ಬಿಲ್ಲೆಯಂತೆ, ಬಡಿದಾಗ ಸಿಡಿದು ಮದ್ದನ್ನು ಹೊತ್ತಿಸುವ ಕ್ಯಾಪ್ ಇರುತ್ತದೆ. ಇಡೀ ಜೋಡಣೆಗೆ ಕಾಡತೂಸು ಅಥವಾ ಕಾರ್ತೂಸ್ ಎಂದು ಹೆಸರು. ಕೋಶವನ್ನು ನೆಲದ ಮೇಲೆ ನಿಲ್ಲಿಸಿದರೆ ನೆಲಕ್ಕೆ ತಾಗುವ ದುಂಡನೆಯ ಮುಖದಲ್ಲಿ, ಕ್ಯಾಪಿನ ಸುತ್ತ, ಕಾರ್ಖಾನೆಯವರು ಅಚ್ಚೊತ್ತಿದ ಅಕ್ಷರ, ಅಂಕಿ ಮತ್ತು ಚಿಹ್ನೆಗಳೇ ತಳದ ಮುದ್ರೆ. .22 ಬೋರಿನಂಥ (ಬೋರು ಎಂದರೆ ನಳಿಗೆಯ ಒಳ ಅಗಲದ ಅಳತೆ) ಸಣ್ಣ ಕಾಡತೂಸುಗಳಲ್ಲಿ ಬೇರೆ ಕ್ಯಾಪ್ ಇರುವುದಿಲ್ಲ, ಸಿಡಿಯುವ ಪದಾರ್ಥ ಅಂಚಿನ ಮಡಿಕೆಯೊಳಗೇ ಇರುತ್ತದೆ. ಆದ್ದರಿಂದ ಅವುಗಳ ಮುದ್ರೆ ತಳದ ನಟ್ಟನಡುವೆ ಬರುತ್ತದೆ.

ಗುಂಡಿನ ಮೇಲೆ ಸಾಮಾನ್ಯವಾಗಿ ಇಂಥ ಮುದ್ರೆ ಇರುವುದಿಲ್ಲ. ಗೋಡೆಯಲ್ಲಿ ಹೂತುಹೋದ ಸೀಸದ ತುಂಡನ್ನು ಮಾತ್ರ ತಂದು ವರ್ಷ ಕೇಳಿದರೆ ಈ ವಿಧಾನದಿಂದ ಉತ್ತರ ಸಿಗದು.

ಕಾಡತೂಸು ಸಿಕ್ಕ ಕೂಡಲೇ ಏನು ಮಾಡಬೇಕು?

ಮೊದಲು ಅದು ಖಾಲಿಯೋ ತುಂಬಿದ್ದೋ ಎಂಬುದನ್ನು ಮುಟ್ಟದೆ, ನೋಡಿಯೇ ತಿಳಿಯಬೇಕು. ಮುಂದಿನ ತುದಿಯಲ್ಲಿ ಗುಂಡು ಇದ್ದರೆ ಅದನ್ನು ಜೀವಂತವೆಂದೇ ಎಣಿಸಬೇಕು. ಗುಂಡು ಇದ್ದು, ಕ್ಯಾಪಿನ ಮೇಲೆ ಬಂದೂಕಿನ ಕುದುರೆ (ಕ್ಯಾಪನ್ನು ಬಡಿಯುವ ಭಾಗ) ಬಡಿದ ಕುಳಿಯೂ ಇದ್ದರೆ ಅದು ಹೊಡೆದರೂ ಸಿಡಿಯದೆ ಉಳಿದ ಕಾಡತೂಸು. ಕುಳಿ ಬಿದ್ದಿದೆಯಲ್ಲ, ಸತ್ತುಹೋಗಿದೆ ಎಂದು ಭಾವಿಸಿ ಮಕ್ಕಳ ಕೈಗೆ ಕೊಟ್ಟವರನ್ನು ಕಂಡಿದ್ದೇನೆ. ನನ್ನ ಮಟ್ಟಿಗೆ ಎಲ್ಲಕ್ಕಿಂತ ಅಪಾಯದ್ದು ಅದೇ. ಇನ್ನು ಗುಂಡು ಇಲ್ಲ, ಆದರೆ ಕ್ಯಾಪ್ ನಯವಾಗಿದೆ ಎಂದಾದರೆ ಯಾರೋ ಗುಂಡನ್ನು ಕಿತ್ತಿರಬಹುದು, ಕ್ಯಾಪ್ ಮಾತ್ರ ಇನ್ನೂ ಸಿಡಿಯಬಲ್ಲದು. ಬಾಯಿ ಖಾಲಿಯಾಗಿದ್ದು, ಕ್ಯಾಪಿನ ನಡುವೆ ಆಳವಾದ ಕುಳಿ ಇದ್ದರೆ ಮಾತ್ರ ಅದು ಹಾರಿಸಿದ ಕೋಶ. .22ರಲ್ಲಿ ಈ ಕುಳಿಯನ್ನು ನಡುವೆ ಹುಡುಕದೆ ಅಂಚಿನಲ್ಲಿ ಹುಡುಕಬೇಕು.

ಜೀವಂತ ಕಾಡತೂಸನ್ನು ಒರೆಸುವುದು, ಇಕ್ಕಳದಿಂದ ಗುಂಡು ಕೀಳುವುದು, ಬಿಸಿಲಿಗೆ ಒಣಗಿಸುವುದು, ಒಲೆಯ ಹತ್ತಿರ ಇಡುವುದು ಸಲ್ಲದು. ಇದ್ದಲ್ಲಿಯೇ ಬಿಟ್ಟು, ಜನರನ್ನು ದೂರ ಕಳಿಸಿ, ಪೊಲೀಸ್ ಠಾಣೆಗೆ ಅಥವಾ 112ಕ್ಕೆ ತಿಳಿಸಬೇಕು. ಗೇಣುದ್ದದ, ಮೂತಿಯಲ್ಲಿ ತಿರುಪಿನಂಥ ಭಾಗವಿರುವ ದೊಡ್ಡ ಲೋಹದ ವಸ್ತು ಸಿಕ್ಕರೆ ಅದು ಕಾಡತೂಸಲ್ಲ, ತೋಪಿನಿಂದ ಹಾರಿಸುವ ಸ್ಫೋಟಕ ಶೆಲ್ ಇರಬಹುದು. ಅದರ ಮುದ್ರೆ ಓದುವ ಆಸೆಯನ್ನೇ ಬಿಡಬೇಕು. ಮುಂದಿನ ಉತ್ತರಗಳಲ್ಲಿ ‘ಕೈಗೆತ್ತಿಕೊಳ್ಳಿ’, ‘ತೊಳೆಯಿರಿ’ ಎಂದು ಬರೆದಿರುವುದೆಲ್ಲ ಖಾಲಿ ಕೋಶಕ್ಕೆ ಮಾತ್ರ ಅನ್ವಯಿಸುತ್ತದೆ.

ಮುದ್ರೆ ಸವೆದಿದೆ, ಕಿಲುಬು ಹಿಡಿದಿದೆ. ಹೇಗೆ ಓದುವುದು?

ಹಿತ್ತಾಳೆಯ ಚೊಂಬು ತಿಕ್ಕಿದಂತೆ ಹುಣಸೆಹಣ್ಣು ಹಚ್ಚಿ ತಿಕ್ಕಬೇಡಿ. ಹುಳಿಯು ಕಿಲುಬನ್ನು ಬಿಡಿಸುವಾಗ ಅಚ್ಚಿನ ತೆಳುವಾದ ಗೆರೆಗಳನ್ನೂ ತಿನ್ನುತ್ತದೆ, ಉಕ್ಕಿನ ಜುಂಗು ಉಳಿದದ್ದನ್ನು ಕೆರೆದುಹಾಕುತ್ತದೆ. ನೀರು, ಸ್ವಲ್ಪ ಸಾಬೂನು, ಹಳೆಯ ಮೆತ್ತನೆಯ ಹಲ್ಲುಜ್ಜುವ ಬ್ರಷ್ ಸಾಕು. ಒಣಗಿದ ಮೇಲೆ ಕತ್ತಲ ಕೋಣೆಯಲ್ಲಿ ಬ್ಯಾಟರಿಯ ಬೆಳಕನ್ನು ಮೇಲಿನಿಂದ ಬಿಡದೆ ಪಕ್ಕದಿಂದ, ತಳದ ಮುಖಕ್ಕೆ ತಾಗಿದಂತೆ ಓರೆಯಾಗಿ ಬಿಟ್ಟರೆ ಸವೆದ ಅಕ್ಷರಗಳ ನೆರಳು ಎದ್ದುಬರುತ್ತದೆ. ಆಗಲೂ ಕಾಣದಿದ್ದರೆ ಒಂದು ಚಿಟಿಕೆ ವಿಭೂತಿಯನ್ನು ತಳಕ್ಕೆ ಸವರಿ ಅಂಗೈಯಿಂದ ಒರೆಸಿದರೆ ಗೆರೆಗಳಲ್ಲಿ ಬಿಳುಪು ಉಳಿದು ಅಕ್ಷರ ಕಾಣುತ್ತದೆ. ಮನೆಮನೆಯಲ್ಲೂ ವಿಭೂತಿ ಇರುವ ಈ ನಾಡಿನಲ್ಲಿ ಇದಕ್ಕಾಗಿ ಬೇರೇನೂ ಕೊಳ್ಳಬೇಕಾಗಿಲ್ಲ. ಮೊಬೈಲಿನಲ್ಲಿ ಚಿತ್ರ ತೆಗೆಯುವಾಗ ಪಕ್ಕದಲ್ಲಿ ಅಳತೆಪಟ್ಟಿ ಇಟ್ಟು, ತಳದ್ದೊಂದು ಮತ್ತು ಇಡೀ ಕೋಶದ್ದೊಂದು, ಹೀಗೆ ಎರಡು ಚಿತ್ರ ತೆಗೆಯಬೇಕು; ಕೋಶದ ಉದ್ದ ತಿಳಿಯದೆ ಮುದ್ರೆ ಮಾತ್ರ ಓದಿದರೆ ಅರ್ಧ ಉತ್ತರ ಸಿಕ್ಕಂತೆ.

ಅಕ್ಷರ ಮತ್ತು ಅಂಕಿಗಳ ಅರ್ಥವೇನು? ಒಂದು ಉದಾಹರಣೆ ಕೊಡಿ.

ನಮ್ಮ ಭಾಗದಲ್ಲಿ ಪರಿಚಿತವಾದ ತ್ರೀ-ನಾಟ್-ತ್ರೀ, ಅಂದರೆ .303 ಕಾಡತೂಸನ್ನೇ ತೆಗೆದುಕೊಳ್ಳೋಣ. ಕೋಶ ಸುಮಾರು 56 ಮಿ.ಮೀ. ಉದ್ದ, ಮೇಲೆ ಭುಜ ಕುಗ್ಗಿ ಕೊರಳಾಗುತ್ತದೆ, ತಳದಲ್ಲಿ ಕೋಶಕ್ಕಿಂತ ಅಗಲವಾದ ಅಂಚು ಚಾಚಿಕೊಂಡಿರುತ್ತದೆ. ಇಂಥ ಒಂದು ಕೋಶದ ತಳದಲ್ಲಿ ಇಂಗ್ಲಿಷಿನ ಕೆ ಮತ್ತು ಎಫ್ ಅಕ್ಷರಗಳು, ಅವುಗಳ ನಡುವೆ ಕೋಳಿಯ ಹೆಜ್ಜೆಯಂತೆ ಕಾಣುವ ಮೂರು ಗೆರೆಯ ಬಾಣ, 43 ಎಂಬ ಅಂಕಿ, ಮತ್ತೊಂದೆಡೆ ರೋಮನ್ ಅಂಕಿಯ ಏಳು ಇವೆ ಎಂದುಕೊಳ್ಳಿ. ಕೆ ಎಫ್ ಎಂಬುದು ಪುಣೆಯ ಹತ್ತಿರದ ಕಿರ್ಕಿ, ಅಂದರೆ ಈಗಿನ ಖಡ್ಕಿಯ ಕಾರ್ಖಾನೆ. ಅದು 1869ರಲ್ಲಿ ಆರಂಭವಾದದ್ದು. ಬಾಣವು ಬ್ರಿಟಿಷ್ ಸರ್ಕಾರದ ಸ್ವತ್ತೆಂಬುದರ ಗುರುತು. 43 ಎಂದರೆ 1943. ರೋಮನ್ ಏಳು ಎಂದರೆ ಈ ಕಾಡತೂಸಿನ ಏಳನೆಯ ಮಾದರಿ. ಚೂಪುಮೂತಿಯ ಗುಂಡಿನ ಈ ಮಾದರಿ ಬಳಕೆಗೆ ಬಂದದ್ದು 1910ರಲ್ಲಿ. ಅದಕ್ಕೂ ಹಿಂದಿನ ಆರನೆಯ ಮಾದರಿಯ ಗುಂಡಿಗೆ ದುಂಡುಮೂತಿ ಇತ್ತು.

ಈ ಏಳರಲ್ಲಿ ಇನ್ನೊಂದು ಸೂಕ್ಷ್ಮವಿದೆ. ಬ್ರಿಟಿಷ್ ಸೇನಾ ಪದ್ಧತಿಯಲ್ಲಿ 1944-45ರ ಸುಮಾರಿಗೆ ರೋಮನ್ ಅಂಕಿಯನ್ನು ಕೈಬಿಟ್ಟು ಸಾಮಾನ್ಯ 7 ಬರೆಯತೊಡಗಿದರು. ಹೀಗಾಗಿ ವರ್ಷದ ಅಂಕಿ ಸವೆದುಹೋಗಿದ್ದರೂ ಏಳನ್ನು ಬರೆದ ರೀತಿ ನೋಡಿ ಕಾಲವನ್ನು ಒಂದು ಅಂದಾಜಿಗೆ ತರಬಹುದು. ಏಳರ ಬೆನ್ನಿಗೆ ಇಂಗ್ಲಿಷ್ ಝಡ್ ಇದ್ದರೆ ಒಳಗಿನ ಮದ್ದು ನೈಟ್ರೋಸೆಲ್ಯುಲೋಸ್, ಇಲ್ಲದಿದ್ದರೆ ಕಾರ್ಡೈಟ್. ಕಾರ್ಡೈಟ್ ಎಂಬುದು ಶಾವಿಗೆಯ ಎಳೆಗಳಂತೆ ಕೋಶದೊಳಗೆ ಉದ್ದಕ್ಕೆ ಜೋಡಿಸಿದ ಮದ್ದು. ಮಾದರಿ ಸಂಖ್ಯೆಯ ಬದಲಿಗೆ ಅಥವಾ ಅದರ ಜೊತೆಗೆ ಬರುವ ಬೇರೆ ಅಕ್ಷರಗಳು ಗುಂಡಿನ ಬಗೆಯನ್ನು ಹೇಳುತ್ತವೆ: ಜಿ ಎಂದರೆ ಹಾರುವಾಗ ಬೆಳಕಿನ ಗೆರೆ ಬಿಡುವ ಟ್ರೇಸರ್, ಡಬ್ಲ್ಯು ಎಂದರೆ ಉಕ್ಕಿನ ತಗಡು ಭೇದಿಸುವಂಥದ್ದು, ಬಿ ಎಂದರೆ ಬೆಂಕಿ ಹಚ್ಚುವಂಥದ್ದು, ಎಲ್ ಎಂದರೆ ಗುಂಡಿಲ್ಲದ, ಸದ್ದಿಗಷ್ಟೇ ಇರುವ ಖಾಲಿಬಾರು.

ಕ್ಯಾಪಿನ ಸುತ್ತ ಬಣ್ಣದ ಉಂಗುರವಿದೆ. ಅದೂ ಮುದ್ರೆಯ ಭಾಗವೇ?

ಅಚ್ಚೊತ್ತಿದ ಮುದ್ರೆಯಲ್ಲ, ಮೆರುಗೆಣ್ಣೆ. ಬ್ರಿಟಿಷ್ ಪದ್ಧತಿಯ .303ರಲ್ಲಿ ನೇರಳೆ ಸಾಮಾನ್ಯ ಗುಂಡಿನದು, ಕೆಂಪು ಟ್ರೇಸರಿನದು, ಹಸಿರು ಉಕ್ಕು ಭೇದಿಸುವುದರದು, ನೀಲಿ ಬೆಂಕಿ ಹಚ್ಚುವುದರದು. ಮಣ್ಣಿನಲ್ಲಿ ಬಹುಕಾಲ ಇದ್ದರೆ ಬಣ್ಣ ಉಳಿಯುವುದಿಲ್ಲ, ಆದ್ದರಿಂದ ಉಂಗುರ ಇಲ್ಲವೆಂಬುದರಿಂದ ಏನನ್ನೂ ತೀರ್ಮಾನಿಸಲಾಗದು.

ನಮ್ಮ ವಾಡೆಯ ಗೋಡೆಯಲ್ಲಿ ಸಿಕ್ಕ ಕೋಶ ರಜಾಕಾರರ ಕಾಲದ್ದೇ?

ಇದು ನನಗೆ ಅತಿ ಹೆಚ್ಚು ಬಂದ ಪ್ರಶ್ನೆ. ನಿಜಾಮರ ಪರವಾದ ಸಶಸ್ತ್ರ ಪಡೆಯಾದ ರಜಾಕಾರರ 1947-48ರ ಹಾವಳಿಯ ನೆನಪು ಈ ಮೂರು ಜಿಲ್ಲೆಗಳ ಮನೆಗಳಲ್ಲಿ ಇನ್ನೂ ಆರಿಲ್ಲವಾದ್ದರಿಂದ, ಸಿಕ್ಕ ಹಿತ್ತಾಳೆಯೆಲ್ಲ ಆ ನೆನಪಿಗೆ ಹೋಗಿ ಅಂಟಿಕೊಳ್ಳುವುದು ಸಹಜ. ಆದರೆ ಮುದ್ರೆ ಏನನ್ನು ಹೇಳಬಲ್ಲದು, ಏನನ್ನು ಹೇಳಲಾರದು ಎಂಬ ಗಡಿಯನ್ನು ಇಲ್ಲಿ ಸ್ಪಷ್ಟವಾಗಿ ಹಾಕಿಕೊಳ್ಳಬೇಕು.

ತಳದಲ್ಲಿರುವ ವರ್ಷವು ಕೋಶ ತಯಾರಾದ ವರ್ಷ, ಹಾರಿಸಿದ ವರ್ಷವಲ್ಲ. ಅಂದರೆ ‘ಇದಕ್ಕಿಂತ ಹಿಂದೆ ಇದು ಇರಲು ಸಾಧ್ಯವಿಲ್ಲ’ ಎಂದಷ್ಟೇ ಅದು ಹೇಳುತ್ತದೆ. 1943ರ ಕಾಡತೂಸು 1948ರ ಸೆಪ್ಟೆಂಬರ್ 13ರಿಂದ 17ರವರೆಗೆ ಹೈದರಾಬಾದ್ ಸಂಸ್ಥಾನದ ವಿರುದ್ಧ ನಡೆದ ಭಾರತೀಯ ಸೇನಾ ಕಾರ್ಯಾಚರಣೆಯಲ್ಲಿ, ಅಂದರೆ ನಮ್ಮವರು ಪೊಲೀಸ್ ಆಕ್ಷನ್ ಎನ್ನುವ ಆ ಐದು ದಿನಗಳಲ್ಲಿ, ಹಾರಿರಬಹುದು. ಅದಕ್ಕೂ ಮುಂಚೆ ನಿಜಾಮರ ಸೈನಿಕನೊಬ್ಬ ಹಾರಿಸಿರಬಹುದು. ಐದು ವರ್ಷ ಕಳೆದ ಮೇಲೆ ಪೊಲೀಸರ ಗುರಿ ಅಭ್ಯಾಸದಲ್ಲಿ ಖರ್ಚಾಗಿರಲೂಬಹುದು. .303 ಭಾರತೀಯ ಸೇನೆಯದೂ ಹೌದು, ನಿಜಾಮರ ಸೇನೆಯದೂ ಹೌದು, ಪೊಲೀಸರದೂ ಹೌದು. ತಳದ ಮುದ್ರೆಗೆ ಪಕ್ಷ ಗೊತ್ತಿಲ್ಲ.

ಆದರೆ ಅಲ್ಲಗಳೆಯುವ ಕೆಲಸದಲ್ಲಿ ಮುದ್ರೆ ಬಲು ಗಟ್ಟಿ. ವರ್ಷ 56 ಎಂದಿದ್ದರೆ ಅದು 1948ರದ್ದಲ್ಲ, ವಾದಕ್ಕೆ ಎಡೆಯಿಲ್ಲ. ಓ ಎಫ್ ವಿ ಎಂಬ ಅಕ್ಷರಗಳಿದ್ದರೆ ವರ್ಷ ಕಾಣದಿದ್ದರೂ ಸಾಕು: ಅದು ಮಹಾರಾಷ್ಟ್ರದ ಜಳಗಾಂವ್ ಜಿಲ್ಲೆಯ ವರಣಗಾಂವ್ ಕಾರ್ಖಾನೆಯ ಗುರುತು, ಆ ಕಾರ್ಖಾನೆ ಸ್ಥಾಪನೆಯಾದದ್ದೇ 1964ರಲ್ಲಿ. ಭೀಮಾ ನದಿಯ ದಂಡೆಯ ಊರಿನ ಒಬ್ಬರು ತಮ್ಮ ಅಜ್ಜ ತೋರಿಸುತ್ತಿದ್ದ ಕೋಶವನ್ನು ಕರವಸ್ತ್ರದಲ್ಲಿ ಸುತ್ತಿ ತಂದಿದ್ದರು. ತಳದಲ್ಲಿ 66 ಎಂದಿತ್ತು. “ಹಂಗಾದ್ರ ನಮ್ಮ ಅಜ್ಜ ಸುಳ್ಳ ಹೇಳಿದ್ನೇನ್ರಿ?” ಎಂದು ಕೇಳಿದರು. ಅಜ್ಜ ಕಂಡದ್ದು ಸುಳ್ಳಾಗಬೇಕಾಗಿಲ್ಲ, ಆ ಕಥೆಯ ಪಕ್ಕಕ್ಕೆ ಈ ಕೋಶ ಯಾವಾಗಲೋ ಬಂದು ಕೂತಿರಬೇಕು, ಎರಡನ್ನೂ ಬಿಡಿಸಿ ನೋಡಿರಿ ಎಂದೆ. ಅವರಿಗೆ ಅದು ಪೂರ್ತಿ ಒಪ್ಪಿಗೆಯಾದಂತೆ ಕಾಣಲಿಲ್ಲ.

ಬೀದರದವರು ಇನ್ನೊಂದು ಮಾತನ್ನು ಸೇರಿಸುತ್ತಾರೆ. 1948ರಲ್ಲಿ ಸಿಡ್ನಿ ಕಾಟನ್ ಎಂಬ ಆಸ್ಟ್ರೇಲಿಯಾದ ವೈಮಾನಿಕ ಕರಾಚಿಯಿಂದ ಹೈದರಾಬಾದ್ ಸಂಸ್ಥಾನಕ್ಕೆ ವಿಮಾನಗಳಲ್ಲಿ ಶಸ್ತ್ರ ಸಾಗಿಸಿದ್ದು ಇತಿಹಾಸದಲ್ಲಿ ದಾಖಲಾಗಿದೆ, ಬೀದರದ ವಿಮಾನದಾಣವೂ ಆ ಕಥೆಯಲ್ಲಿ ಬರುತ್ತದೆ. ಅದಕ್ಕಾಗಿ ಪರದೇಶದ ಮುದ್ರೆಯ .303 ಸಿಕ್ಕರೆ ಅದನ್ನು ಕಾಟನ್ನನ ಲೆಕ್ಕಕ್ಕೆ ಬರೆಯುವವರಿದ್ದಾರೆ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಬ್ರಿಟನ್, ಕೆನಡಾ, ಆಸ್ಟ್ರೇಲಿಯಾಗಳಲ್ಲೆಲ್ಲ ಇದೇ ಕಾಡತೂಸನ್ನು ತಯಾರಿಸುತ್ತಿದ್ದರು. ಅಂಥ ಮುದ್ರೆ ಸರ್ಕಾರದ ಸರಬರಾಜಿನ ದಾರಿಯಲ್ಲೂ ಇಲ್ಲಿಗೆ ತಲುಪಿರಬಹುದು. ಯಾವ ವಿಮಾನದಲ್ಲಿ ಬಂತು ಎಂಬುದನ್ನು ತಳದ ಮೇಲೆ ಯಾರೂ ಬರೆದಿಲ್ಲ.

ಸುರಪುರದ ಹತ್ತಿರ ಸಿಕ್ಕ ಕೋಶ 1858ರ ಬಂಡಾಯದ್ದಿರಬಹುದೇ?

ಹಿತ್ತಾಳೆಯ ಕೋಶವಾಗಿದ್ದರೆ ಖಂಡಿತ ಅಲ್ಲ. ರಾಜಾ ವೆಂಕಟಪ್ಪ ನಾಯಕರ ಕಾಲದ ಬಂದೂಕುಗಳಿಗೆ ಮದ್ದು ಮತ್ತು ಗುಂಡನ್ನು ಬಾಯಿಯಿಂದ ತುಂಬುತ್ತಿದ್ದರು. 1857ರಲ್ಲಿ ಸಿಪಾಯಿಗಳನ್ನು ಕೆರಳಿಸಿದ ಎನ್‌ಫೀಲ್ಡ್ ಬಂದೂಕಿನ ಕಾಡತೂಸು ಕೂಡ ಜಿಡ್ಡು ಸವರಿದ ಕಾಗದದ ಪೊಟ್ಟಣವಾಗಿತ್ತು. ಅದಕ್ಕೆ ಲೋಹದ ತಳವೇ ಇರಲಿಲ್ಲ, ಮುದ್ರೆಯ ಮಾತೆಲ್ಲಿ? ಹಿಂದಿನಿಂದ ತುಂಬುವ ಸ್ನೈಡರ್ ಬಂದೂಕನ್ನು ಬ್ರಿಟಿಷರು ಸ್ವೀಕರಿಸಿದ್ದು 1866ರಲ್ಲಿ, ಹಿತ್ತಾಳೆಯ ಕಾಡತೂಸು ಅವರ ಸೇನೆಯಲ್ಲಿ ರೂಢಿಗೆ ಬಂದದ್ದು ಅಲ್ಲಿಂದೀಚೆಗೆ. ಆ ಮಣ್ಣಿನಲ್ಲಿ 1858ರದ್ದೇನಾದರೂ ಸಿಗುವುದಿದ್ದರೆ ಅದು ಸೀಸದ ಗುಂಡೋ ಚಕಮಕಿ ಕಲ್ಲೋ ಮದ್ದು ಹೊತ್ತಿಸುವ ತಾಮ್ರದ ಟೋಪಿಯೋ ಆಗಿರುತ್ತದೆ. ಬೀದರ ಮತ್ತು ಕಲಬುರಗಿ ಕೋಟೆಗಳ ತೋಪುಗಳಿಗೂ ಇದೇ ಮಾತು ಸಲ್ಲುತ್ತದೆ. ಅಂದಹಾಗೆ, ಸಂರಕ್ಷಿತ ಸ್ಮಾರಕಗಳ ಆವರಣದಲ್ಲಿ ಅಗೆದು ಹುಡುಕುವುದು ಅಪರಾಧ.

ಯಾವ ಅಕ್ಷರ ಯಾವ ಕಾರ್ಖಾನೆಯದು?

ಪೂರ್ಣ ಪಟ್ಟಿ ಒಂದು ದೊಡ್ಡ ಪುಸ್ತಕವಾದೀತು. ಭಾರತದಲ್ಲಿ ಮುಖ್ಯವಾಗಿ ಕಾಣುವುದು ಮೇಲೆ ಹೇಳಿದ ಕೆ ಎಫ್ ಮತ್ತು ಓ ಎಫ್ ವಿ. ಈ ಎರಡೂ ಕಾರ್ಖಾನೆಗಳು 2021ರ ಅಕ್ಟೋಬರ್ 1ರಿಂದ ಮ್ಯುನಿಶನ್ಸ್ ಇಂಡಿಯಾ ಲಿಮಿಟೆಡ್ ಎಂಬ ಸರ್ಕಾರಿ ಕಂಪನಿಯ ಅಡಿಯಲ್ಲಿವೆ. ಹಳೆಯ ಬ್ರಿಟಿಷ್ ಗುರುತುಗಳಲ್ಲಿ ಆರ್ ಎಲ್ ಎಂದರೆ ವುಲ್‌ವಿಚ್‌ನ ರಾಯಲ್ ಲ್ಯಾಬೊರೇಟರಿ, ಆರ್ ಜಿ ಎಂದರೆ ರ‍್ಯಾಡ್‌ವೇ ಗ್ರೀನ್, ಜಿ ಬಿ ಎಂದರೆ ಲೀಡ್ಸಿನ ಗ್ರೀನ್‌ವುಡ್ ಅಂಡ್ ಬ್ಯಾಟ್ಲಿ, ಒಂಟಿ ಕೆ ಎಂದರೆ ಬರ್ಮಿಂಗ್‌ಹ್ಯಾಮಿನ ಕೈನಾಕ್. ಒಂಟಿ ಕೆ ಮತ್ತು ಕೆ ಎಫ್ ಒಂದೇ ಎಂದುಕೊಂಡು ಕಿರ್ಕಿಯ ಕೋಶವನ್ನು ಇಂಗ್ಲೆಂಡಿನದೆಂದು ತೋರಿಸಿದವರಿದ್ದಾರೆ. ಎಂ ಎಫ್ ಆಸ್ಟ್ರೇಲಿಯಾದ ಫುಟ್‌ಸ್ಕ್ರೇಯದು, ಪಿ ಓ ಎಫ್ ಪಾಕಿಸ್ತಾನದ್ದು. ಅಮೆರಿಕದ ಎಲ್ ಸಿ ಎಂದರೆ ಲೇಕ್ ಸಿಟಿ, ಎಫ್ ಎ ಎಂದರೆ ಫ್ರ್ಯಾಂಕ್‌ಫರ್ಡ್ ಆರ್ಸೆನಲ್. ವೃತ್ತದೊಳಗೆ ಕೂಡಿಸುವ ಚಿಹ್ನೆಯಂತೆ ಅಡ್ಡ-ಉದ್ದ ಗೆರೆ ಇದ್ದರೆ ಅದು ನೇಟೋ ಒಕ್ಕೂಟದ ಪ್ರಮಾಣಕ್ಕೆ ಹೊಂದುತ್ತದೆ ಎಂಬ ಗುರುತು.

ಸೋವಿಯತ್ ಪದ್ಧತಿ ಬೇರೆ. ಅಲ್ಲಿ ಹೆಸರೂ ಇಲ್ಲ, ಬೋರೂ ಇಲ್ಲ; ತಳದ ಮೇಲ್ಭಾಗದಲ್ಲಿ ಕಾರ್ಖಾನೆಯ ಸಂಖ್ಯೆ, ಕೆಳಗೆ ವರ್ಷದ ಎರಡು ಅಂಕಿ. 17 ಎಂದರೆ ಬರ್ನಾವುಲ್, 60 ಎಂದರೆ ಈಗಿನ ಕಿರ್ಗಿಸ್ತಾನದ ಬಿಷ್ಕೆಕ್, 188 ಎಂದರೆ ನೊವೊಸಿಬಿರ್ಸ್ಕ್. 1952ರಿಂದ 1956ರವರೆಗಿನ ಕೆಲವು ಕೋಶಗಳಲ್ಲಿ ವರ್ಷದ ಬದಲು ಒಂದು ರಷ್ಯನ್ ಅಕ್ಷರವಿರುತ್ತದೆ. ಚೀನಾದ ಕೋಶಗಳೂ ಹೆಚ್ಚುಕಡಿಮೆ ಇದೇ ಬಗೆಯವು. ಎರಡು ಸಂಖ್ಯೆಗಳಷ್ಟೇ ಇರುವ ಕೋಶ ಕಂಡಾಗ ಎರಡನ್ನೂ ವರ್ಷವೆಂದು ಓದಿ ಗೊಂದಲಕ್ಕೆ ಬೀಳಬಾರದು.

ಬೇಟೆ ಬಂದೂಕಿನ ಕಾಡತೂಸಿನಲ್ಲಿ 12 ಎಂದಷ್ಟೇ ಇದೆ. ವರ್ಷ ಯಾಕಿಲ್ಲ?

ಸೇನೆಗೆ ದಾಸ್ತಾನಿನ ವಯಸ್ಸು ತಿಳಿಯಬೇಕು, ಆದ್ದರಿಂದ ವರ್ಷ ಹಾಕುತ್ತಾರೆ. ಅಂಗಡಿಯಲ್ಲಿ ಮಾರುವವನಿಗೆ ಅದರ ಅಗತ್ಯವಿಲ್ಲ. ಹೀಗಾಗಿ ಬೇಟೆಯ ಮತ್ತು ಬೆಳೆ ರಕ್ಷಣೆಯ ಕಾಡತೂಸುಗಳಲ್ಲಿ ಬಹುಮಟ್ಟಿಗೆ ಕಂಪನಿಯ ಹೆಸರು ಮತ್ತು ಬೋರು ಮಾತ್ರ ಇರುತ್ತವೆ. ಆದರೂ ಕಂಪನಿಯ ಹೆಸರಿನಿಂದಲೇ ಕಾಲದ ಒಂದು ತುದಿ ಹಿಡಿಯಬಹುದು. ಐ ಸಿ ಐ ಎಂದು ಇದ್ದರೆ ಆ ಕಂಪನಿ ಹುಟ್ಟಿದ 1926ಕ್ಕಿಂತ ಹಿಂದಿನದಲ್ಲ. ಹಳೆಯ ದೇಸಾಯಿ-ದೇಶಮುಖರ ಮನೆಗಳಲ್ಲಿ ಈಲಿ, ಕೈನಾಕ್ ಹೆಸರಿನ, ಹಿತ್ತಾಳೆಯ ತಳ ಮತ್ತು ರಟ್ಟಿನ ಕೊಳವೆಯ ಕಾಡತೂಸು ಸಿಗುತ್ತವೆ. ನಮ್ಮ ಕಾಲದ ರೈತರ ಪೆಟ್ಟಿಗೆಯಲ್ಲಿ ಖಡ್ಕಿಯ ‘ಶಕ್ತಿಮಾನ್’ ಇರುತ್ತದೆ.

12 ಎಂಬುದು ಮಿಲಿಮೀಟರೂ ಅಲ್ಲ, ಛರ್ರೆಯ (ಕಾಡತೂಸಿನೊಳಗೆ ತುಂಬುವ ಸಣ್ಣ ಸೀಸದ ಗುಂಡುಗಳ) ಸಂಖ್ಯೆಯೂ ಅಲ್ಲ. ಒಂದು ಪೌಂಡ್ ಸೀಸದಲ್ಲಿ ಸಮನಾದ ಹನ್ನೆರಡು ಗುಂಡು ಮಾಡಿದರೆ ಒಂದೊಂದು ಎಷ್ಟು ದಪ್ಪವಿರುತ್ತದೋ ಅಷ್ಟು ಅಗಲದ ನಳಿಗೆ, ಅಂದರೆ ಸುಮಾರು 18.5 ಮಿ.ಮೀ. ಅದಕ್ಕಾಗಿಯೇ 16 ಬೋರು 12ಕ್ಕಿಂತ ಚಿಕ್ಕದು. .410 ಮಾತ್ರ ಈ ಲೆಕ್ಕಕ್ಕೆ ಸೇರದು, ಅದು ನೇರವಾಗಿ ಅಂಗುಲದ ಅಳತೆ. ಛರ್ರೆಯ ಗಾತ್ರ, ಅಂದರೆ 4, 6, ಬಿ ಬಿ, ಎಸ್ ಜಿ, ಎಲ್ ಜಿ ಎಂಬುದೆಲ್ಲ ತಳದಲ್ಲಿ ಇರದೆ ಕೊಳವೆಯ ಮೈಮೇಲೋ ಬಾಯಿ ಮುಚ್ಚಿದ ಬಿಲ್ಲೆಯ ಮೇಲೋ ಇರುತ್ತದೆ.

ಲೈಸೆನ್ಸ್ ಇರುವವರಿಗೆ ಒಂದು ಎಚ್ಚರಿಕೆ. ಕೊಳವೆಯ ಮೇಲೆ 65 ಅಥವಾ 70 ಮಿ.ಮೀ. ಎಂದಿದ್ದರೆ ಅದು ಹಾರಿಸಿದ ಮೇಲೆ ಬಾಯಿ ಬಿಚ್ಚಿಕೊಂಡ ಕೊಳವೆಯ ಉದ್ದ. ಬಾಯಿ ಮಡಿಸಿದ್ದಾಗ 70ರ ಕಾಡತೂಸು ಗಿಡ್ಡವಾಗಿಯೇ ಇದ್ದು 65ರ ಹಳೆಯ ಬಂದೂಕಿನೊಳಗೂ ಸಲೀಸಾಗಿ ಕೂರುತ್ತದೆ. ಹಾರಿಸಿದಾಗ ಬಾಯಿ ಬಿಚ್ಚಲು ಜಾಗವಿಲ್ಲದೆ ಒತ್ತಡ ಅಪಾಯದ ಮಟ್ಟಕ್ಕೆ ಏರುತ್ತದೆ. ಒಳಗೆ ಹೋಯಿತೆಂದರೆ ಹೊಂದಿತು ಎಂದರ್ಥವಲ್ಲ. ತೊಗರಿ ಹೊಲಕ್ಕೆ ನುಗ್ಗುವ ಹಂದಿಯನ್ನು ಬೆದರಿಸಲು ತಾತನ ಕಾಲದ ಜೋಡಿ ನಳಿಗೆ ಬಂದೂಕನ್ನು ಹೊರತೆಗೆಯುವವರು ನಳಿಗೆಯ ಮೇಲಿನ ಅಳತೆಯನ್ನು ಮೊದಲು ಓದಿಸಿಕೊಳ್ಳಬೇಕು.

.32 ಎಂದರೆ ಎಲ್ಲವೂ ಒಂದೇ ಅಲ್ಲವೇ?

ಅಲ್ಲ. ಸರ್ಕಾರಿ ಕಾರ್ಖಾನೆಯ ರಿವಾಲ್ವರಿಗೆ ಬಳಸುವ .32 ಸ್ಮಿತ್ ಅಂಡ್ ವೆಸನ್ ಲಾಂಗ್ ಒಂದು. ಪಿಸ್ತೂಲಿಗೆ ಬಳಸುವ, 7.65 ಮಿ.ಮೀ. ಎಂದೂ ಕರೆಯುವ .32 ಎ ಸಿ ಪಿ ಇನ್ನೊಂದು. ಮೊದಲನೆಯದು ಉದ್ದ, ಎರಡನೆಯದು ಗಿಡ್ಡ. ಇದಕ್ಕೆ ವಿರುದ್ಧವಾಗಿ .315 ಮತ್ತು 8 ಮಿ.ಮೀ. ಎಂಬ ಎರಡು ಹೆಸರುಗಳು ನಮ್ಮ ದೇಶದ ಸ್ಪೋರ್ಟಿಂಗ್ ರೈಫಲಿನ ವಿಷಯದಲ್ಲಿ ಒಂದೇ ಕಾಡತೂಸಿಗೆ ಸಲ್ಲುತ್ತವೆ. ಕೋಶದ ಉದ್ದ 50 ಮಿ.ಮೀ., ತಳದಲ್ಲಿ ಅಂಚು ಇರುತ್ತದೆ. ಅಂಚು ಸವೆದ .303ನ್ನೂ ಇದನ್ನೂ ಒಂದೇ ಎಂದು ಭಾವಿಸುವುದು ಸುಲಭ, ವರ್ನಿಯರ್ ಕ್ಯಾಲಿಪರ್ ಹಿಡಿದರೆ ಸಂಶಯ ಉಳಿಯದು. ತಳದಲ್ಲಿ 9 ಎಂ ಎಂ ಮತ್ತು 2 ಝಡ್ ಎಂದು ಇದ್ದರೆ ಅದು ಸೇನೆ ಮತ್ತು ಪೊಲೀಸರ ಕಾಡತೂಸು, ಸಾಮಾನ್ಯ ಲೈಸೆನ್ಸಿಗೆ ನಿಷಿದ್ಧವಾದ ಬೋರು.

ಭುಜವೇ ಇಲ್ಲದ, ಕಡ್ಡಿಯಂತೆ ನೇರವಾದ .303 ತಳದ ಕೋಶ ಸಿಕ್ಕರೆ ಅದು .410 ಪೊಲೀಸ್ ಮಸ್ಕೆಟ್ಟಿನದಿರಬಹುದು. ಲೀ-ಎನ್‌ಫೀಲ್ಡ್ ರೈಫಲನ್ನೇ ಒಂದೊಂದೇ ಕಾಡತೂಸು ಹಾಕುವ ಮಸ್ಕೆಟ್ ಆಗಿ ಮಾರ್ಪಡಿಸಿ ಪೊಲೀಸರಿಗೂ ಕಾವಲುಗಾರರಿಗೂ ಕೊಟ್ಟಿದ್ದರು.

ಮುದ್ರೆಯೇ ಇಲ್ಲದಿದ್ದರೆ?

ಹತ್ತೊಂಬತ್ತನೆಯ ಶತಮಾನದ ಎಷ್ಟೋ ಕೋಶಗಳಿಗೆ ಮುದ್ರೆ ಇರಲಿಲ್ಲ. ಆಗ ಆಕಾರ, ಉದ್ದ, ಅಂಚಿನ ಅಗಲ ಇವುಗಳಿಂದಲೇ ಗುರುತಿಸಬೇಕು. ಬಾಯಿಯಿಂದ ಮದ್ದು ತುಂಬುವ ನಾಡ ಬಂದೂಕಿಗೆ ಕಾಡತೂಸೇ ಬೇಕಾಗಿಲ್ಲ.

ಮುದ್ರೆ ನೋಡಿ ಯಾವ ಬಂದೂಕಿನಿಂದ, ಯಾರು ಹಾರಿಸಿದರು ಎಂದು ಹೇಳಬಹುದೇ?

ಸಾಧ್ಯವಿಲ್ಲ. ಒಂದೇ ಮುದ್ರೆಯ ಕಾಡತೂಸುಗಳು ಲಕ್ಷಗಟ್ಟಲೆ ತಯಾರಾಗುತ್ತವೆ. ಬಂದೂಕನ್ನು ಗುರುತಿಸುವುದು ಕಾರ್ಖಾನೆಯ ಮುದ್ರೆಯಿಂದಲ್ಲ, ಬಂದೂಕು ತಾನೇ ಕೋಶದ ಮೇಲೂ ಗುಂಡಿನ ಮೇಲೂ ಒತ್ತಿದ ಗಾಯಗಳಿಂದ: ಕ್ಯಾಪಿನ ಮೇಲಿನ ಕುಳಿಯ ಆಕಾರ, ಕೋಶವನ್ನು ಹೊರಗೆಳೆದ ಕೊಕ್ಕೆಯ ಗೀರು, ನಳಿಗೆಯ ಒಳಗೆರೆಗಳು ಗುಂಡಿನ ಮೈಮೇಲೆ ಬಿಟ್ಟ ಪಡಿಯಚ್ಚು. ಇವುಗಳನ್ನು ಎರಡು ವಸ್ತುಗಳನ್ನು ಅಕ್ಕಪಕ್ಕ ತೋರಿಸುವ ತುಲನಾ ಸೂಕ್ಷ್ಮದರ್ಶಕದ ಕೆಳಗೆ ಹೋಲಿಸಿ ನೋಡುತ್ತಾರೆ. 2015ರ ಆಗಸ್ಟ್ 30ರಂದು ಧಾರವಾಡದಲ್ಲಿ ನಡೆದ ಎಂ. ಎಂ. ಕಲಬುರ್ಗಿಯವರ ಹತ್ಯೆ ಮತ್ತು 2017ರ ಸೆಪ್ಟೆಂಬರ್ 5ರಂದು ಬೆಂಗಳೂರಿನಲ್ಲಿ ನಡೆದ ಗೌರಿ ಲಂಕೇಶರ ಹತ್ಯೆ ಎರಡರಲ್ಲೂ ಒಂದೇ 7.65 ಮಿ.ಮೀ. ನಾಡ ಪಿಸ್ತೂಲು ಬಳಕೆಯಾಗಿತ್ತು ಎಂದು ರಾಜ್ಯದ ವಿಧಿವಿಜ್ಞಾನ ಪ್ರಯೋಗಾಲಯ ವರದಿ ಕೊಟ್ಟದ್ದು ಇಂಥ ಹೋಲಿಕೆಯಿಂದಲೇ. ಅದಕ್ಕಾಗಿ, ಇತ್ತೀಚಿನ ಘಟನೆಯೊಂದಕ್ಕೆ ಸಂಬಂಧಿಸಿದ ಕೋಶವೆಂಬ ಅನುಮಾನವಿದ್ದರೆ ತೊಳೆಯಬಾರದು, ವಿಭೂತಿ ಸವರಬಾರದು, ಜೇಬಿಗೆ ಹಾಕಿಕೊಳ್ಳಬಾರದು. ಬಿದ್ದ ಜಾಗವೂ ಸಾಕ್ಷ್ಯವೇ.

ಸಿಕ್ಕದ್ದನ್ನು ಮನೆಯಲ್ಲಿ ಇಟ್ಟುಕೊಳ್ಳಬಹುದೇ?

ಜೀವಂತ ಕಾಡತೂಸು ಒಂದೇ ಆಗಿದ್ದರೂ ಇಟ್ಟುಕೊಳ್ಳುವಂತಿಲ್ಲ. 1959ರ ಶಸ್ತ್ರಾಸ್ತ್ರ ಅಧಿನಿಯಮದ 3ನೆಯ ಕಲಮಿನ ಪ್ರಕಾರ ಬಂದೂಕಿನಂತೆ ಕಾಡತೂಸಿಗೂ ಲೈಸೆನ್ಸ್ ಬೇಕು. ಇಲ್ಲದೆ ಇಟ್ಟುಕೊಂಡರೆ 2019ರ ತಿದ್ದುಪಡಿಯ ನಂತರ ಎರಡರಿಂದ ಐದು ವರ್ಷದವರೆಗೆ ಸೆರೆವಾಸ ಮತ್ತು ದಂಡವಿದೆ. ನಿಷಿದ್ಧ ಬೋರಿನದಾದರೆ ಶಿಕ್ಷೆ ಇನ್ನೂ ಹೆಚ್ಚು. ಅರಿವಿದ್ದು ವಶದಲ್ಲಿಟ್ಟುಕೊಂಡಿದ್ದನೇ ಎಂಬುದನ್ನು ನ್ಯಾಯಾಲಯ ನೋಡುತ್ತದೆ ನಿಜ, ಆದರೆ ಸಿಕ್ಕಿದ್ದು ಗೊತ್ತಾದ ಮೇಲೂ ಕಪಾಟಿನಲ್ಲಿ ಇಟ್ಟವನಿಗೆ ಆ ಮಾತು ಆಸರೆಯಾಗದು.

ಖಾಲಿ ಕೋಶದ ವಿಷಯ ಅಷ್ಟು ನೇರವಾಗಿಲ್ಲ. ಕಾನೂನಿನ ವ್ಯಾಖ್ಯೆಯಲ್ಲಿ ಮದ್ದುಗುಂಡಿನ ಬಿಡಿಭಾಗಗಳೂ ಸೇರುತ್ತವೆ. 45ನೆಯ ಕಲಮು ಬೇರೆ ಭಾಗಗಳೊಂದಿಗೆ ಕೂಡಿಸಿ ಬಳಸುವ ಉದ್ದೇಶವಿಲ್ಲದ ಸಣ್ಣಪುಟ್ಟ ಭಾಗಗಳಿಗೆ ವಿನಾಯಿತಿ ಕೊಡುತ್ತದೆ. ಆ ವಿನಾಯಿತಿಯನ್ನು ನಂಬಿ ಸುಮ್ಮನಿರುವ ಬದಲು ಠಾಣೆಗೆ ತೋರಿಸಿ, ಎಲ್ಲಿ ಎಂದು ಸಿಕ್ಕಿತೆಂಬುದನ್ನು ಬರಹದಲ್ಲಿ ಕೊಟ್ಟು ಸ್ವೀಕೃತಿ ಪಡೆಯುವುದೇ ಸರಿಯೆಂದು ನನ್ನ ಅಭಿಪ್ರಾಯ. ಒಪ್ಪಿಸುವ ಮೊದಲು ಮುದ್ರೆಯ ಚಿತ್ರ ತೆಗೆದಿಟ್ಟುಕೊಂಡರೆ ನಿಮ್ಮ ಕುತೂಹಲಕ್ಕೆ ನಷ್ಟವಾಗದು.

ತೀರಿಹೋದ ತಂದೆಯವರ ಲೈಸೆನ್ಸ್ ಬಂದೂಕಿನ ಜೊತೆ ಕಾಡತೂಸಿನ ಡಬ್ಬಿಯೂ ಉಳಿದಿದೆ. ಏನು ಮಾಡಬೇಕು?

ಲೈಸೆನ್ಸ್ ವ್ಯಕ್ತಿಯದು, ಮನೆತನದ್ದಲ್ಲ. ಅವರು ತೀರಿಕೊಂಡ ಮೇಲೆ ಬಂದೂಕನ್ನೂ ಕಾಡತೂಸುಗಳನ್ನೂ ತಡಮಾಡದೆ ಹತ್ತಿರದ ಠಾಣೆಯಲ್ಲಿ ಅಥವಾ ಪರವಾನಿಗೆ ಇರುವ ಶಸ್ತ್ರ ವ್ಯಾಪಾರಿಯ ಬಳಿ ಠೇವಣಿ ಇಟ್ಟು ರಸೀದಿ ಪಡೆಯಬೇಕು, ಆಮೇಲೆ ವಾರಸುದಾರರು ತಮ್ಮ ಹೆಸರಿನಲ್ಲಿ ಲೈಸೆನ್ಸಿಗೆ ಅರ್ಜಿ ಹಾಕಬಹುದು. ಚುನಾವಣೆಯ ಹೊತ್ತಿನಲ್ಲಿ ಬಂದೂಕು ಠೇವಣಿ ಇಡುವ ರೂಢಿ ಎಲ್ಲರಿಗೂ ಗೊತ್ತಿದೆ, ಆದರೆ ಆಗ ಡಬ್ಬಿ ಮನೆಯಲ್ಲೇ ಮರೆತುಹೋಗಿರುತ್ತದೆ. ಡಬ್ಬಿಯಲ್ಲಿರುವ ಕಾಡತೂಸುಗಳ ತಳವನ್ನು ನೋಡಿ ಬೋರು ಮತ್ತು ಸಂಖ್ಯೆಯನ್ನು ಪಟ್ಟಿ ಮಾಡಿಕೊಂಡು ಹೋದರೆ ಠಾಣೆಯಲ್ಲಿ ಕೆಲಸ ಬೇಗ ಮುಗಿಯುತ್ತದೆ. ಲೈಸೆನ್ಸಿನಲ್ಲಿ ಬರೆದ ಬೋರಿಗೂ ಡಬ್ಬಿಯಲ್ಲಿರುವುದಕ್ಕೂ ತಾಳೆಯಾಗದಿದ್ದರೆ ಅದನ್ನೂ ಮುಚ್ಚಿಡದೆ ಹೇಳಬೇಕು.

ಕೀಲಿಕೈ ಗೊಂಚಲಿಗೆ ಹಾಕಿಸಿಕೊಂಡ ಖಾಲಿ ಕೋಶವನ್ನು ವಿಮಾನದಲ್ಲಿ ಒಯ್ಯಬಹುದೇ?

ಬೇಡ. ಕಲಬುರಗಿಯಲ್ಲಿ 2019ರಲ್ಲಿ ವಿಮಾನ ನಿಲ್ದಾಣ ಆರಂಭವಾದ ಮೇಲೆ ಈ ಪ್ರಶ್ನೆ ಹೊಸದಾಗಿ ಹುಟ್ಟಿದೆ. ತಪಾಸಣೆಯ ಯಂತ್ರದ ಪರದೆಯಲ್ಲಿ ಕೋಶದ ಆಕಾರ ಕಂಡರೆ ಚೀಲ ಬಿಚ್ಚಿಸುತ್ತಾರೆ, ಅದು ಖಾಲಿಯೆಂದು ಸಾಬೀತಾಗುವಷ್ಟರಲ್ಲಿ ವಿಮಾನ ಹೋಗಿರುತ್ತದೆ.

ಗುಜರಿಗೆ ಹಾಕಿದರೆ ಹಿತ್ತಾಳೆಯ ಬೆಲೆಯಾದರೂ ಬರುತ್ತದೆಯಲ್ಲವೇ?

ಒಂದು ಕೋಶದಲ್ಲಿರುವ ಹಿತ್ತಾಳೆ ಒಂದು ಚಹಾದ ಬೆಲೆಗೂ ಸಾಲದು. ಗುಜರಿಯ ರಾಶಿಯೊಳಗೆ ಹೋದ ಕಾಡತೂಸು ಕೊನೆಗೆ ಸೇರುವುದು ಕುಲುಮೆಯನ್ನು. ನೂರು ಖಾಲಿ ಕೋಶಗಳ ನಡುವೆ ಜೀವಂತವಾದದ್ದೊಂದು ಉಳಿದಿದ್ದರೆ ಅದನ್ನು ಅಲ್ಲಿ ಕರಗಿಸುವವನು ತಳ ನೋಡಿ ಆರಿಸುವುದಿಲ್ಲ.